ಕೀಲಿಮಣೆಯ ದೀಪ ಆರಿದಾಗ: ಹಳೆಯ ವಿಂಡೋಸ್ ಡಿವಿಡಿಗೆ ಹೊಸ ಡ್ರೈವರ್



ಸಿಡಿಲಿಗೆ ಸುಟ್ಟ ಗಣಕಯಂತ್ರದ ಕಥೆ ಮಲೆನಾಡಿಗೆ ಹೊಸದಲ್ಲ. ಏಪ್ರಿಲ್, ಮೇ ತಿಂಗಳ ಗುಡುಗುಮಳೆಯಲ್ಲಿ ಮದರ್‌ಬೋರ್ಡ್ ಹೋದರೆ ಅದೇ ಮಾದರಿಯ ಬೋರ್ಡ್ ಮತ್ತೆ ದೊರೆಯುವುದು ಕಷ್ಟ. ಪೇಟೆಯಿಂದ ಬರುವುದು ಅದಕ್ಕಿಂತ ಐದಾರು ವರ್ಷ ಈಚಿನ, ಯಾವುದೋ ಕಚೇರಿ ಬಳಸಿ ಬಿಟ್ಟ ಯಂತ್ರ. ಯಂತ್ರ ಬದಲಾಯಿತು, ಆದರೆ ಆ ಮೇಜಿನ ಮೇಲಿನ ಕೆಲಸ ಬದಲಾಗಿರುವುದಿಲ್ಲ. ಪೇಜ್‌ಮೇಕರಿನಲ್ಲಿ ನುಡಿ ಅಕ್ಷರಗಳಿಂದ ಕಟ್ಟಿದ ಹತ್ತು ಹದಿನೈದು ವರ್ಷದ ಪುಟಗಳು ಅಲ್ಲಿರುತ್ತವೆ. ಗಟ್ಟಿಮುಟ್ಟಾದ ಸ್ಕ್ಯಾನರ್ ಇರುತ್ತದೆ. ಅದನ್ನು ತಯಾರಿಸಿದವರು ವಿಂಡೋಸ್ ೭ರ ಆಚೆಗೆ ಅದಕ್ಕೆ ತಂತ್ರಾಂಶ ಕೊಟ್ಟಿರುವುದಿಲ್ಲ. ಮಳೆ, ತಾಪಮಾನ ಅಳೆಯುವ ಉಪಕರಣವಿದ್ದರೆ ಅದರ ಲೆಕ್ಕ ಓದುವ ತಂತ್ರಾಂಶವೂ ಆ ಕಾಲದ್ದೇ. ಆದುದರಿಂದ ಹೊಸತಾಗಿ ಬಂದ ಯಂತ್ರಕ್ಕೆ ಹಳೆಯ ವಿಂಡೋಸನ್ನೇ ಹಾಕಬೇಕಾದ ಸಂದರ್ಭ ಬರುತ್ತದೆ.

ವಿಂಡೋಸ್ ೭ರ ಮೂಲ ಡಿವಿಡಿಯನ್ನು ಪೆನ್‌ಡ್ರೈವ್‌ಗೆ ಇಳಿಸಿ ಯಂತ್ರ ಚಾಲೂ ಮಾಡಿದರೆ ಆರಂಭ ಸರಿಯಾಗಿಯೇ ಆಗುತ್ತದೆ. ಕಡತಗಳು ಒಳಬರುತ್ತವೆ, ನಾಲ್ಕು ಬಣ್ಣದ ಲಾಂಛನ ಮೂಡುತ್ತದೆ, ಭಾಷೆಯನ್ನು ಆರಿಸಿಕೊಳ್ಳಬೇಕೆನ್ನುವ ಪರದೆ ಬರುತ್ತದೆ. ಅಲ್ಲಿಗೆ ಕೀಲಿಮಣೆಯ ದೀಪ ಆರುತ್ತದೆ. ಮೌಸ್ ಅಲುಗದು. ಹೇಗೋ ಒಂದು ಹೆಜ್ಜೆ ಮುಂದೆ ಹೋದರೂ, ಅಗತ್ಯವಾದ ಸೀಡಿ ಅಥವಾ ಡಿವಿಡಿ ಡ್ರೈವಿನ ಡ್ರೈವರ್ ಕಾಣೆಯಾಗಿದೆ ಎಂಬ ಸೂಚನೆ ಎದುರಾಗುತ್ತದೆ. ಯಂತ್ರದಲ್ಲಿ ಡಿವಿಡಿ ಡ್ರೈವೇ ಇಲ್ಲದಿರುವಾಗ ಈ ಮಾತು ಇನ್ನಷ್ಟು ದಿಕ್ಕು ತಪ್ಪಿಸುತ್ತದೆ. ಬೋರ್ಡ್ ಕೆಟ್ಟಿದೆ ಎಂದು ಒಬ್ಬರು, ಪೆನ್‌ಡ್ರೈವ್ ಸರಿಯಿಲ್ಲ ಎಂದು ಇನ್ನೊಬ್ಬರು ಹೇಳುತ್ತಾರೆ. ಎರಡೂ ಅಲ್ಲ. ಕೊರತೆಯಿರುವುದು ಎಲ್ಲ ಸೇರಿ ಒಂದೆರಡು ಎಂಬಿಯೂ ತೂಗದ ಕೆಲವು ಕಡತಗಳದು. ಅಷ್ಟಕ್ಕಾಗಿ ಕೆಲಸಕ್ಕೆ ಬರುವ ಯಂತ್ರವೊಂದು ಗುಜರಿಗೆ ಹೋಗುತ್ತದೆ. ಇಲ್ಲವೇ ಆ ಯಂತ್ರ ಉಳಿದು, ಹಳೆಯ ಸ್ಕ್ಯಾನರ್ ಹೋಗುತ್ತದೆ.

ಡ್ರೈವರ್ ಎಂದರೆ ಯಂತ್ರಾಂಶದ ಒಂದು ಭಾಗಕ್ಕೂ ವಿಂಡೋಸ್‌ಗೂ ನಡುವೆ ನಿಂತು ಮಾತು ದಾಟಿಸುವ ಕಿರುತಂತ್ರಾಂಶ. ಯಂತ್ರ ಚಾಲೂ ಆದೊಡನೆ ಎಚ್ಚರಗೊಳ್ಳುವುದು ಬೋರ್ಡಿನಲ್ಲೇ ಇರುವ ಬಯಾಸ್. ಅದಕ್ಕೆ ತನ್ನ ಬೋರ್ಡಿನ ಪರಿಚಯ ಪೂರ್ಣವಾಗಿ ಇರುತ್ತದೆ. ಪೆನ್‌ಡ್ರೈವನ್ನು ಅದು ಓದಬಲ್ಲದು, ಕೀಲಿಮಣೆಯ ಮಾತನ್ನು ಕೇಳಬಲ್ಲದು. ಹಾಗೆ ಓದಿ ವಿಂಡೋಸಿನ ಒಂದು ಚಿಕ್ಕ ರೂಪವನ್ನು ಸ್ಮರಣೆಗೆ ತಂದಿಟ್ಟು, ಆಡಳಿತವನ್ನು ಅದರ ಕೈಗೆ ಒಪ್ಪಿಸಿ ಹಿಂದೆ ಸರಿಯುತ್ತದೆ. ಆ ಕ್ಷಣದಿಂದ ಎಲ್ಲವನ್ನೂ ವಿಂಡೋಸ್ ತನ್ನದೇ ಡ್ರೈವರ್‌ಗಳ ಮೂಲಕ ನೋಡಬೇಕು. ಡ್ರೈವರ್ ಇಲ್ಲದ ಭಾಗ ಅದರ ಪಾಲಿಗೆ ಇಲ್ಲವೇ ಇಲ್ಲ. ದೇವರು ಕೊಟ್ಟರೂ ಪೂಜಾರಿ ಕೊಡ ಎನ್ನುವ ಸ್ಥಿತಿ. ತಾನು ಯಾವ ಪೆನ್‌ಡ್ರೈವಿನಿಂದ ಹೊರಟು ಬಂದಿತೋ ಅದೇ ಪೆನ್‌ಡ್ರೈವ್ ಮರುಕ್ಷಣ ಅದಕ್ಕೆ ಕಾಣದಂತಾಗುವುದು ಹೀಗೆ.

ಈ ತೊಡಕು ವಿಂಡೋಸ್ ೭ರಿಂದ ಆರಂಭವಾದದ್ದಲ್ಲ. ೨೦೦೧ರ ಅಕ್ಟೋಬರಿನಲ್ಲಿ ಬಂದ ವಿಂಡೋಸ್ ಎಕ್ಸ್‌ಪಿ ಸಾಟಾ ಹಾರ್ಡ್‌ಡಿಸ್ಕ್‌ಗಳು ಬಳಕೆಗೆ ಬರುವ ಮುನ್ನ ಸಿದ್ಧವಾದದ್ದು. ಬೋರ್ಡು ಆ ಡಿಸ್ಕನ್ನು ಎಎಚ್‌ಸಿಐ ಎಂಬ ಹೊಸ ಕ್ರಮದಲ್ಲಿ ನಡೆಸುತ್ತಿದ್ದರೆ ಎಕ್ಸ್‌ಪಿಯ ಸೀಡಿಗೆ ಅದು ಕಾಣುತ್ತಿರಲಿಲ್ಲ. ಹಾರ್ಡ್‌ಡಿಸ್ಕ್ ಇಲ್ಲವೆಂಬ ಸಂದೇಶ, ಅಥವಾ ೭ಬಿ ಎಂದು ಕೊನೆಗೊಳ್ಳುವ ಸಂಕೇತದ ನೀಲಿ ಪರದೆ ಬರುತ್ತಿತ್ತು. ಪರಿಹಾರವನ್ನು ಮೈಕ್ರೋಸಾಫ್ಟ್ ಇಟ್ಟಿತ್ತು. ಆರಂಭದಲ್ಲಿ ಪರದೆಯ ತಳದಲ್ಲಿ ಕೆಲವೇ ಕ್ಷಣ ಒಂದು ಸಾಲು ಮೂಡುತ್ತದೆ. ಅಷ್ಟರಲ್ಲಿ ಎಫ್೬ ಕೀಲಿ ಒತ್ತಿ ಡ್ರೈವರನ್ನು ಕೊಡಬೇಕು. ಆದರೆ ಕೊಡಬೇಕಾದದ್ದು ಫ್ಲಾಪಿಯಲ್ಲಿ. ಹೊಸ ಡಿಸ್ಕಿನ ಯಂತ್ರಗಳಲ್ಲಿ ಫ್ಲಾಪಿ ಡ್ರೈವ್ ಆಗಲೇ ಮಾಯವಾಗುತ್ತಿತ್ತು. ಬೀಗದ ಕೈಯನ್ನು ಪೆಟ್ಟಿಗೆಯೊಳಗಿಟ್ಟು ಬೀಗ ಹಾಕಿದಂತಾಯಿತು. ಎನ್‌ಲೈಟ್ ಎಂಬ ಉಚಿತ ತಂತ್ರಾಂಶ ಆ ಕಾಲದಲ್ಲಿ ಅಷ್ಟು ಜನಪ್ರಿಯವಾದದ್ದಕ್ಕೆ ಇದೂ ಒಂದು ಕಾರಣ. ಸೀಡಿಯ ಕಡತಗಳನ್ನು ಹಾರ್ಡ್‌ಡಿಸ್ಕಿಗೆ ಇಳಿಸಿ, ಅವುಗಳ ನಡುವೆಯೇ ಡ್ರೈವರನ್ನು ಸೇರಿಸಿ, ಹೊಸ ಸೀಡಿ ಬರೆದುಕೊಳ್ಳಲು ಅದು ದಾರಿ ಮಾಡಿತು. ಬಯಾಸಿನಲ್ಲಿ ಎಎಚ್‌ಸಿಐ ಬದಲು ಐಡಿಇ ಕ್ರಮವನ್ನು ಆರಿಸುವ ಸುಲಭದ ಉಪಾಯವೂ ಇತ್ತು, ಈಗಲೂ ಹಲವು ಹಳೆಯ ಬೋರ್ಡುಗಳಲ್ಲಿ ಅದು ನಡೆಯುತ್ತದೆ.

ವಿಂಡೋಸ್ ೭ ಮಾರುಕಟ್ಟೆಗೆ ಬಂದದ್ದು ೨೦೦೯ರ ಅಕ್ಟೋಬರ್ ೨೨ರಂದು. ಯುಎಸ್‌ಬಿ ೩.೦ರ ನಿಯಮಾವಳಿ ಪ್ರಕಟವಾಗಿದ್ದದ್ದು ಅದಕ್ಕೆ ಸುಮಾರು ಒಂದು ವರ್ಷ ಮೊದಲು, ೨೦೦೮ರ ನವೆಂಬರಿನಲ್ಲಿ. ಆದರೂ ಅದರ ಡ್ರೈವರ್ ವಿಂಡೋಸ್ ೭ರ ಡಿವಿಡಿಯೊಳಗೆ ಸೇರಲಿಲ್ಲ. ಅದು ವಿಂಡೋಸಿನಲ್ಲೇ ಅಡಕವಾಗಿ ಬಂದದ್ದು ೨೦೧೨ರ ವಿಂಡೋಸ್ ೮ರಲ್ಲಿ. ನಡುವಿನ ವರ್ಷಗಳಲ್ಲಿ ಇದರ ಬಿಸಿ ಯಾರಿಗೂ ತಟ್ಟಲಿಲ್ಲ. ಇಂಟೆಲ್ ಬೋರ್ಡುಗಳಲ್ಲಿ ಹೊಸ ನಿಯಂತ್ರಕದ ಜೊತೆಗೆ ಹಳೆಯ ಯುಎಸ್‌ಬಿ ೨.೦ ನಿಯಂತ್ರಕವೂ ಇರುತ್ತಿತ್ತು. ೨೦೧೫ರಲ್ಲಿ ಸ್ಕೈಲೇಕ್ ಎಂದು ಹೆಸರಾದ ಆರನೆಯ ಪೀಳಿಗೆಯ ಪ್ರೊಸೆಸರ್‌ಗಳು, ಅವುಗಳೊಂದಿಗೆ ನೂರರ ಸರಣಿಯ ಚಿಪ್‌ಸೆಟ್ ಬಂದಾಗ ಇಂಟೆಲ್ ಹಳೆಯ ನಿಯಂತ್ರಕವನ್ನು ಕೈಬಿಟ್ಟಿತು. ಅಂದಿನಿಂದ ಬೋರ್ಡಿನ ಪ್ರತಿಯೊಂದು ಯುಎಸ್‌ಬಿ ಕಿಂಡಿಯೂ, ಕಪ್ಪು ಬಣ್ಣದ್ದಾದರೂ ಸರಿ, ಎಕ್ಸ್‌ಎಚ್‌ಸಿಐ ಎಂಬ ಹೊಸ ನಿಯಂತ್ರಕದ ಅಧೀನ. ಕೀಲಿಮಣೆಯ ದೀಪ ಆರುವ ಕಥೆ ಹುಟ್ಟಿದ್ದು ಅಲ್ಲಿ. ಕಚೇರಿಗಳು ಬಿಟ್ಟುಕೊಟ್ಟ ಆ ಪೀಳಿಗೆಯ ಯಂತ್ರಗಳು ಈಗ ಸೆಕೆಂಡ್‌ಹ್ಯಾಂಡ್ ಮಾರುಕಟ್ಟೆಯಲ್ಲಿ ಸಿಗುತ್ತಿರುವುದರಿಂದ ಹಳ್ಳಿಯ ಮೇಜುಗಳಿಗೆ ಆ ಕಥೆ ತಡವಾಗಿ ತಲುಪಿದೆ.

ಡಿವಿಡಿಯನ್ನು ತಿದ್ದಲು ಹೊರಡುವ ಮೊದಲು ನೋಡಬೇಕಾದ ಒಂದೆರಡು ಸಂಗತಿಗಳುಂಟು. ಯಂತ್ರ ೨೦೧೨ರಿಂದ ೨೦೧೪ರ ಆಸುಪಾಸಿನದಾದರೆ ಪೆನ್‌ಡ್ರೈವನ್ನೂ ಕೀಲಿಮಣೆಯನ್ನೂ ನೀಲಿ ಕಿಂಡಿಯಿಂದ ಕಿತ್ತು ಕಪ್ಪು ಕಿಂಡಿಗೆ ಹಾಕಿದರೆ ಸಾಕಾಗಬಹುದು. ಬಯಾಸಿನಲ್ಲಿ ಎಕ್ಸ್‌ಎಚ್‌ಸಿಐಯನ್ನು ತಾತ್ಕಾಲಿಕವಾಗಿ ನಿಲ್ಲಿಸುವ ಆಯ್ಕೆಯೂ ಅಂಥ ಬೋರ್ಡುಗಳಲ್ಲಿ ಸಾಮಾನ್ಯ. ಆರನೆಯ ಪೀಳಿಗೆಯ ಡೆಸ್ಕ್‌ಟಾಪಿನಲ್ಲಿ ದುಂಡನೆಯ ಪಿಎಸ್/೨ ಕಿಂಡಿ ಇದ್ದರೆ ಅದಕ್ಕೆ ಹಳೆಯ ಕೀಲಿಮಣೆಯನ್ನು ಜೋಡಿಸಿ, ಸಾಟಾ ತಂತಿಯ ಡಿವಿಡಿ ಡ್ರೈವಿನಿಂದ ಮೂಲ ಡಿವಿಡಿಯನ್ನೇ ಓಡಿಸಬಹುದು. ಇಡೀ ಯುಎಸ್‌ಬಿ ವ್ಯವಸ್ಥೆಯ ಹಂಗಿಲ್ಲದೆ ವಿಂಡೋಸ್ ಕೂರುತ್ತದೆ. ಆಮೇಲೆ ಇನ್ನೊಂದು ಸೀಡಿಯಲ್ಲಿ ಬರೆದಿಟ್ಟ ಡ್ರೈವರನ್ನು ಹಾಕಿದರೆ ಕಿಂಡಿಗಳೆಲ್ಲ ಜೀವ ತಳೆಯುತ್ತವೆ. ಗುಜರಿಗೆ ಹೊರಟ ಪಿಎಸ್/೨ ಕೀಲಿಮಣೆಯೊಂದನ್ನು ಎತ್ತಿಟ್ಟುಕೊಂಡವರು ಜಾಣರು. ಹಲವು ಲ್ಯಾಪ್‌ಟಾಪ್‌ಗಳ ಒಳಗಿನ ಕೀಲಿಮಣೆಯೂ ಹಳೆಯ ಪಿಎಸ್/೨ ಕ್ರಮದಲ್ಲೇ ಜೋಡಣೆಯಾಗಿರುವುದರಿಂದ ಅದು ಕೆಲಸ ಮಾಡುತ್ತಿರುತ್ತದೆ, ಪೆನ್‌ಡ್ರೈವ್ ಮಾತ್ರ ಕಾಣಿಸುವುದಿಲ್ಲ.

ಇವು ಯಾವುವೂ ಸಾಧ್ಯವಿಲ್ಲದಾಗ ಡಿವಿಡಿಯ ಪ್ರತಿಯೊಳಗೆ ಡ್ರೈವರನ್ನು ಸೇರಿಸಬೇಕು. ಯಾವ ಡ್ರೈವರ್ ಎಂಬುದು ಮೊದಲು ನಿಶ್ಚಯವಾಗಬೇಕು, ಊಹೆ ಇಲ್ಲಿ ನಡೆಯದು. ಬೋರ್ಡಿನ ಪ್ರತಿಯೊಂದು ಭಾಗಕ್ಕೂ ಎರಡು ಗುರುತುಸಂಖ್ಯೆಗಳಿವೆ. ಒಂದು ತಯಾರಕರದು, ಇನ್ನೊಂದು ಆ ಭಾಗದ್ದು. ಇಂಟೆಲ್ ಕಂಪನಿಯ ಸಂಖ್ಯೆ ೮೦೮೬. ೧೯೭೮ರಲ್ಲಿ ಹೆಸರು ತಂದುಕೊಟ್ಟ ತನ್ನ ಪ್ರೊಸೆಸರಿನ ಸಂಖ್ಯೆಯನ್ನೇ ಅದು ಗುರುತಾಗಿ ಉಳಿಸಿಕೊಂಡಿದೆ. ನೂರರ ಸರಣಿಯ ಡೆಸ್ಕ್‌ಟಾಪ್ ಚಿಪ್‌ಸೆಟ್ಟಿನ ಯುಎಸ್‌ಬಿ ನಿಯಂತ್ರಕದ ಸಂಖ್ಯೆ ಎ೧೨ಎಫ್. ಯಂತ್ರದಲ್ಲಿ ಬೇರೆ ವಿಂಡೋಸ್ ಓಡುತ್ತಿದ್ದರೆ ಡಿವೈಸ್ ಮ್ಯಾನೇಜರ್‌ನಲ್ಲಿ ಇವು ಕಾಣುತ್ತವೆ. ಏನೂ ಇಲ್ಲದಿದ್ದರೆ ಪೆನ್‌ಡ್ರೈವಿನಿಂದಲೇ ಓಡುವ ಯಾವುದಾದರೂ ಲಿನಕ್ಸ್‌ನಲ್ಲಿ ಎಲ್‌ಎಸ್‌ಪಿಸಿಐ ಎಂಬ ಆಜ್ಞೆ ಕೊಟ್ಟು ಪಟ್ಟಿ ಮಾಡಿಕೊಳ್ಳಬಹುದು. ಡ್ರೈವರಿನಲ್ಲಿ ಮುಖ್ಯವಾಗಿ ಮೂರು ಬಗೆಯ ಕಡತಗಳಿರುತ್ತವೆ. ಐಎನ್‌ಎಫ್ ಎಂಬುದು ವಿವರಣೆಯ ಕಡತ, ಎಸ್‌ವೈಎಸ್ ಕೆಲಸ ಮಾಡುವ ಕಡತ, ಸಿಎಟಿ ಅದಕ್ಕೆ ಹಾಕಿದ ಸಹಿ. ಐಎನ್‌ಎಫ್ ಸಾದಾ ಪಠ್ಯ. ಅದನ್ನು ನೋಟ್‌ಪ್ಯಾಡಿನಲ್ಲಿ ತೆರೆದು ಗುರುತುಸಂಖ್ಯೆಯನ್ನು ಹುಡುಕಬೇಕು. ಸಂಖ್ಯೆ ಅಲ್ಲಿದ್ದರೆ ಅದೇ ಬೇಕಾದ ಡ್ರೈವರ್. ಇಲ್ಲದಿದ್ದರೆ ಹೊರಗಿನ ಹೆಸರು ಏನೇ ಹೇಳಲಿ, ಅದು ಉಪಯೋಗಕ್ಕಿಲ್ಲ. ಗಂಟೆಗಟ್ಟಲೆ ವ್ಯರ್ಥವಾಗುವುದು ಈ ಎರಡು ನಿಮಿಷದ ಪರೀಕ್ಷೆಯನ್ನು ಬಿಟ್ಟಾಗ. ೩೨ ಬಿಟ್ಟಿನ ವಿಂಡೋಸ್‌ಗೆ ೬೪ ಬಿಟ್ಟಿನ ಡ್ರೈವರ್ ಒಗ್ಗದೆಂಬುದೂ ನೆನಪಿರಬೇಕು. ತಯಾರಕರು ಡ್ರೈವರನ್ನು ಒಂದೇ ಇಎಕ್ಸ್‌ಇ ಕಡತವಾಗಿ ಕೊಟ್ಟಿದ್ದರೆ ಅದನ್ನು ಬಿಚ್ಚಿ ಒಳಗಿನದನ್ನು ತೆಗೆಯಬೇಕು. ಇಂಟೆಲ್ ಯುಎಸ್‌ಬಿ ೩.೦ರ ಮಟ್ಟಿಗೆ ನಿಯಂತ್ರಕಕ್ಕೊಂದು, ಹಬ್ಬಿಗೊಂದು ಎಂದು ಬೇರೆ ಬೇರೆ ಐಎನ್‌ಎಫ್ ಇರುವುದರಿಂದ ಒಂದನ್ನು ಸೇರಿಸಿ ಇನ್ನೊಂದನ್ನು ಮರೆತರೆ ಕೀಲಿಮಣೆ ಏಳುವುದಿಲ್ಲ.

ಡಿವಿಡಿಯಲ್ಲಿ ಸೋರ್ಸಸ್ ಎಂಬ ಕೋಶವಿದೆ. ಅದರಲ್ಲಿ ಎರಡು ಕಡತಗಳು ಮುಖ್ಯ: ಬೂಟ್.ವಿಮ್ ಮತ್ತು ಇನ್‌ಸ್ಟಾಲ್.ವಿಮ್. ಮೊದಲನೆಯದು ಇನ್‌ಸ್ಟಾಲ್ ಮಾಡುವ ಹೊತ್ತಿಗಷ್ಟೇ ಓಡುವ ಕಿರು ವಿಂಡೋಸ್. ಎರಡನೆಯದು ಹಾರ್ಡ್‌ಡಿಸ್ಕಿನ ಮೇಲೆ ಬಿಚ್ಚಿಕೊಂಡು ಕೂರುವ ನಿಜವಾದ ವಿಂಡೋಸ್. ಇವೆರಡರ ವ್ಯತ್ಯಾಸ ತಿಳಿಯದೆ ಕೆಟ್ಟ ಪ್ರಯತ್ನಗಳು ಬಹಳ. ಬೂಟ್.ವಿಮ್‌ಗೆ ಮಾತ್ರ ಯುಎಸ್‌ಬಿ ಡ್ರೈವರ್ ಸೇರಿಸಿದರೆ ಇನ್‌ಸ್ಟಾಲೇಷನ್ ಸಲೀಸಾಗಿ ಸಾಗಿ, ಯಂತ್ರ ಮರುಚಾಲನೆಗೊಂಡು, ಬಳಕೆದಾರರ ಹೆಸರು ಕೇಳುವ ಪರದೆಯಲ್ಲಿ ಕೀಲಿಮಣೆ ಮತ್ತೆ ಸತ್ತುಹೋಗುತ್ತದೆ. ಇನ್‌ಸ್ಟಾಲ್.ವಿಮ್‌ಗೆ ಮಾತ್ರ ಸೇರಿಸಿದರೆ ಅಲ್ಲಿಯವರೆಗೆ ತಲುಪುವುದೇ ಇಲ್ಲ. ಎರಡಕ್ಕೂ ಸೇರಿಸುವುದೇ ನಿಯಮ.

ಇದಕ್ಕೆ ಬೇಕಾದ ಸಲಕರಣೆ ವಿಂಡೋಸಿನಲ್ಲೇ ಇದೆ. ವಿಂಡೋಸ್ ೭ ಅಥವಾ ನಂತರದ ಯಾವುದೇ ವಿಂಡೋಸಿನಲ್ಲಿ ಆಡಳಿತಾಧಿಕಾರದೊಡನೆ ಕಮಾಂಡ್ ಪ್ರಾಂಪ್ಟ್ ತೆರೆದರೆ ಡಿಸ್ಮ್ ಎಂಬ ಆಜ್ಞೆ ದೊರೆಯುತ್ತದೆ. ಡಿವಿಡಿಯಲ್ಲಿರುವುದನ್ನೆಲ್ಲ ಹಾರ್ಡ್‌ಡಿಸ್ಕಿನ ಒಂದು ಕೋಶಕ್ಕೆ ಇಳಿಸಿ, ಕಡತಗಳ ‘ಓದಲು ಮಾತ್ರ’ ಗುರುತನ್ನು ತೆಗೆದು, ಪಕ್ಕದಲ್ಲಿ ಒಂದು ಖಾಲಿ ಕೋಶ ಮಾಡಿಕೊಳ್ಳಬೇಕು. ಬೂಟ್.ವಿಮ್‌ನಲ್ಲಿ ಎರಡು ಪ್ರತಿಗಳಿವೆ. ಇನ್‌ಸ್ಟಾಲೇಷನ್ನಿಗೆ ಬಳಕೆಯಾಗುವುದು ಎರಡನೆಯದು. ಮೊದಲನೆಯದಕ್ಕೂ ಸೇರಿಸಿದರೆ ನಷ್ಟವಿಲ್ಲ. ಆ ಪ್ರತಿಯನ್ನು ಖಾಲಿ ಕೋಶದಲ್ಲಿ ಮೌಂಟ್ ಮಾಡಿ, ಆಡ್-ಡ್ರೈವರ್ ಆಜ್ಞೆಗೆ ಡ್ರೈವರ್ ಕೋಶದ ದಾರಿ ತೋರಿಸಿ, ಕೊನೆಗೆ ಕಮಿಟ್ ಎಂಬ ಮಾತಿನೊಂದಿಗೆ ಅನ್‌ಮೌಂಟ್ ಮಾಡಬೇಕು. ಆ ಒಂದು ಮಾತಿನ ಬದಲು ಡಿಸ್ಕಾರ್ಡ್ ಎಂದು ಕೊಟ್ಟರೆ ಮಾಡಿದ್ದೆಲ್ಲ ಹೊಳೆಯಲ್ಲಿ ಹುಣಸೆಹಣ್ಣು ಕಿವುಚಿದಂತೆ. ನಂತರ ಇನ್‌ಸ್ಟಾಲ್.ವಿಮ್. ಅದರಲ್ಲಿ ಹೋಮ್ ಬೇಸಿಕ್, ಹೋಮ್ ಪ್ರೀಮಿಯಂ, ಪ್ರೊಫೆಷನಲ್, ಅಲ್ಟಿಮೇಟ್ ಎಂದು ಹಲವು ಆವೃತ್ತಿಗಳಿರಬಹುದು. ಯಾವುದಕ್ಕೆ ಅಸಲಿ ಕೀಲಿಸಂಖ್ಯೆ ಇದೆಯೋ ಅದರ ಕ್ರಮಾಂಕವನ್ನು ಪಟ್ಟಿಯಲ್ಲಿ ನೋಡಿ ಅದಕ್ಕಷ್ಟೇ ಸೇರಿಸಿದರೆ ಸಾಕು. ನಿಧಾನದ ಯಂತ್ರದಲ್ಲಿ ಮೌಂಟ್ ಮಾಡುವುದಕ್ಕೇ ಹಲವು ನಿಮಿಷ ಹಿಡಿಯುತ್ತದೆ, ಆಗ ಕರೆಂಟ್ ಹೋಗದಂತೆ ಯುಪಿಎಸ್ ಇರುವುದು ಒಳ್ಳೆಯದು. ಬೋರ್ಡ್ ತಯಾರಕರಲ್ಲಿ ಹಲವರು, ಸ್ವತಃ ಇಂಟೆಲ್ ಕೂಡ, ಇದನ್ನೆಲ್ಲ ಒಂದು ಗುಂಡಿಯಲ್ಲಿ ಮಾಡುವ ತಂತ್ರಾಂಶ ಕೊಟ್ಟಿದ್ದರು. ಸಿಕ್ಕರೆ ಬಳಸಬಹುದು. ಆದರೆ ಅದು ಒಳಗೆ ಮಾಡುವುದು ಇದನ್ನೇ.

ಎನ್‌ವಿಎಂಇ ಎಂಬ ಹೊಸ ಬಗೆಯ ಡಿಸ್ಕ್ ಇರುವ ಯಂತ್ರಗಳಲ್ಲಿ ತೊಡಕು ಇಮ್ಮಡಿ. ವಿಂಡೋಸ್ ೭ರ ಡಿವಿಡಿಗೆ ಅದರ ಪರಿಚಯವೂ ಇಲ್ಲ. ಮೈಕ್ರೋಸಾಫ್ಟ್ ಅದಕ್ಕಾಗಿ ಕೆಬಿ ೨೯೯೦೯೪೧ ಎಂಬ ತಿದ್ದುಪಡಿಯನ್ನೂ, ಅದರ ಬೆನ್ನಿಗೆ ಕೆಬಿ ೩೦೮೭೮೭೩ ಎಂಬುದನ್ನೂ ಕೊಟ್ಟಿತು. ಇವು ಡ್ರೈವರ್ ಕೋಶಗಳಲ್ಲ, ಪ್ಯಾಕೇಜುಗಳು. ಆದುದರಿಂದ ಆಡ್-ಪ್ಯಾಕೇಜ್ ಆಜ್ಞೆಯಿಂದ ಎರಡೂ ವಿಮ್ ಕಡತಗಳಿಗೆ ಸೇರಿಸಬೇಕು. ಇನ್ನೊಂದು ಕಣ್ಣಿಗೆ ಕಾಣದ ತಡೆ ಸಹಿಯದು. ೬೪ ಬಿಟ್ಟಿನ ವಿಂಡೋಸ್ ೭ ಸಹಿಯಿಲ್ಲದ ಡ್ರೈವರನ್ನು ಒಪ್ಪುವುದಿಲ್ಲ. ಆದರೆ ಈಚಿನ ಡ್ರೈವರ್‌ಗಳಿಗೆ ಹಾಕಿರುವುದು ಎಸ್‌ಎಚ್‌ಎ-೨ ಬಗೆಯ ಸಹಿ; ಹಳೆಯ ಡಿವಿಡಿಗೆ ಆ ಸಹಿಯನ್ನು ಓದಲು ಬಾರದು. ಸರಿಯಾದ ಡ್ರೈವರ್ ಸರಿಯಾದ ಜಾಗದಲ್ಲಿದ್ದೂ ಸಂಕೇತ ೫೨ ಎಂದು ತಿರಸ್ಕೃತವಾಗುವುದು ಈ ಕಾರಣಕ್ಕೆ. ಸಹಿಯನ್ನು ಓದಿಸಲು ೨೦೧೯ರಲ್ಲಿ ಬಂದ ಕೆಬಿ ೪೪೯೦೬೨೮ ಮತ್ತು ಕೆಬಿ ೪೪೭೪೪೧೯ನ್ನು ಸೇರಿಸಬೇಕು; ಅಥವಾ ಹಳೆಯ ಸಹಿಯಿರುವ ಹಿಂದಿನ ಆವೃತ್ತಿಯ ಡ್ರೈವರನ್ನೇ ಹುಡುಕಬೇಕು. ಎರಡನೆಯದು ಎಷ್ಟೋ ಸಲ ಸುಲಭ.

ಎಲ್ಲಿ ನಿಲ್ಲಬೇಕೆಂಬುದೂ ತಿಳಿದಿರಬೇಕು. ೨೦೧೭ರಲ್ಲಿ ಬಂದ ಏಳನೆಯ ಪೀಳಿಗೆಯ ಡೆಸ್ಕ್‌ಟಾಪ್ ಪ್ರೊಸೆಸರ್‌ಗಳ ಒಳಗಿನ ಗ್ರಾಫಿಕ್ಸ್‌ಗೆ ಇಂಟೆಲ್ ವಿಂಡೋಸ್ ೭ರ ಡ್ರೈವರನ್ನು ಕೊಡಲಿಲ್ಲ. ಅದೇ ವರ್ಷ ಮೈಕ್ರೋಸಾಫ್ಟ್ ಅಂಥ ಪ್ರೊಸೆಸರ್‌ಗಳ ಮೇಲೆ ಓಡುವ ವಿಂಡೋಸ್ ೭ಕ್ಕೆ ತಿದ್ದುಪಡಿಗಳನ್ನು ಕಳಿಸುವುದನ್ನೂ ನಿಲ್ಲಿಸಿತು. ಆರನೆಯ ಪೀಳಿಗೆಯವರೆಗಿನ ಯಂತ್ರಕ್ಕಾಗಿ ಪಟ್ಟ ಶ್ರಮಕ್ಕೆ ಫಲವುಂಟು. ಅದರಾಚೆಗೆ ಹೋದರೆ ವಿಂಡೋಸ್ ಕೂತರೂ ಚಿತ್ರ ಮಂದ, ಕೆಲಸ ಕುಂಟು.

ಈಗ ಈ ಕಡತಗಳು ಉಳಿಯುವ ಪ್ರಶ್ನೆ. ಡ್ರೈವರನ್ನು ಸೇರಿಸುವ ಕುಶಲತೆ ಇದ್ದರೂ ಡ್ರೈವರೇ ಸಿಗದಿದ್ದರೆ ಏನು ಮಾಡುವುದು? ೨೦೧೯ರ ನವೆಂಬರಿನಲ್ಲಿ ಇಂಟೆಲ್ ತನ್ನ ಹಳೆಯ ಡೆಸ್ಕ್‌ಟಾಪ್ ಬೋರ್ಡುಗಳ ಬಯಾಸ್ ಮತ್ತು ಡ್ರೈವರ್ ಕಡತಗಳನ್ನು ಜಾಲತಾಣದಿಂದ ತೆಗೆದುಹಾಕಿತು. ೨೦೨೦ರ ಆಗಸ್ಟಿನಲ್ಲಿ ಮೈಕ್ರೋಸಾಫ್ಟ್, ಹಳೆಯ ಎಸ್‌ಎಚ್‌ಎ-೧ ಸಹಿಯ ಕಡತಗಳನ್ನು ತನ್ನ ಡೌನ್‌ಲೋಡ್ ಕೇಂದ್ರದಿಂದ ಹಿಂತೆಗೆಯಿತು. ಸುರಕ್ಷತೆಯ ದೃಷ್ಟಿಯಿಂದ ಎರಡನೆಯ ಕ್ರಮಕ್ಕೆ ಸಮರ್ಥನೆಯಿದೆ. ಆದರೆ ಕಂಪನಿಯ ದೃಷ್ಟಿಯಲ್ಲಿ ಆಯುಸ್ಸು ಮುಗಿದ ಯಂತ್ರ ಮೇಜಿನ ಮೇಲೆ ಇನ್ನೂ ಬದುಕಿರುತ್ತದೆ. ತಯಾರಕರ ತಾಣದಲ್ಲಿ ಕಡತ ಕಾಣದಾದಾಗ ಜನ ಯಾವುದೋ ‘ಡ್ರೈವರ್ ಪ್ಯಾಕ್’ ಕೊಡುವ ತಾಣಕ್ಕೆ ಹೋಗುತ್ತಾರೆ. ಡ್ರೈವರ್ ಎಂದು ಬಂದದ್ದರ ಜೊತೆಗೆ ಜಾಹೀರಾತು ತಂತ್ರಾಂಶ, ವೈರಸ್ ಬರುವುದು ಇಂಥಲ್ಲಿಂದ. ವಿಂಡೋಸಿನ ಅತ್ಯಂತ ಒಳಮನೆಗೆ ಪ್ರವೇಶವಿರುವ ಕಡತ ಡ್ರೈವರ್, ಅದನ್ನು ಗೊತ್ತಿಲ್ಲದವರ ಕೈಯಿಂದ ತೆಗೆದುಕೊಳ್ಳುವುದು ಸಲ್ಲ. ಯಂತ್ರ ಕೊಂಡ ದಿನವೇ ಅದರ ಡ್ರೈವರ್‌ಗಳನ್ನು ತಯಾರಕರ ತಾಣದಿಂದ ಇಳಿಸಿ ಇಟ್ಟುಕೊಳ್ಳುವ ರೂಢಿ ಬರಬೇಕು. ಬೀಜ ತೆಗೆದಿಡುವ ಮನೆಗಳಿಗೆ ಈ ಮಾತನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇ-ಕಸದ ಲೆಕ್ಕವನ್ನು ಒಂದು ಮಾತಿನಲ್ಲಿ ಹೇಳುವುದಾದರೆ, ವಿಶ್ವಸಂಸ್ಥೆಯ ೨೦೨೪ರ ವರದಿಯಂತೆ ೨೦೨೨ರಲ್ಲಿ ಜಗತ್ತು ಬಿಸಾಡಿದ ವಿದ್ಯುನ್ಮಾನ ಕಸ ೬.೨ ಕೋಟಿ ಟನ್. ಅದರಲ್ಲಿ ಕ್ರಮಬದ್ಧವಾಗಿ ಸಂಗ್ರಹವಾಗಿ ಮರುಬಳಕೆಯ ದಾರಿ ಹಿಡಿದದ್ದಕ್ಕೆ ದಾಖಲೆ ಇರುವುದು ಶೇಕಡ ೨೨.೩ಕ್ಕೆ ಮಾತ್ರ. ೨೦೨೫ರ ಅಕ್ಟೋಬರ್ ೧೪ರಂದು ವಿಂಡೋಸ್ ೧೦ರ ಬೆಂಬಲವೂ ಮುಗಿದು, ವಿಂಡೋಸ್ ೧೧ ಒಪ್ಪದ ಆರು, ಏಳನೆಯ ಪೀಳಿಗೆಯ ಯಂತ್ರಗಳು ಈ ರಾಶಿಯ ಅಂಚಿಗೆ ಬಂದು ನಿಂತಿವೆ.

ಇಂಥ ಯಂತ್ರಗಳಿಗೆಲ್ಲ ಲಿನಕ್ಸ್ ಹಾಕಬಾರದೇಕೆ ಎಂಬ ಪ್ರಶ್ನೆ ಸಹಜ. ಪತ್ರ ಬರೆಯಲು, ಜಾಲ ನೋಡಲು ಧಾರಾಳವಾಗಿ ಹಾಕಬಹುದು, ಹಾಕುವುದೇ ಮೇಲು. ಅದರ ಹೆಚ್ಚಿನ ಡ್ರೈವರ್‌ಗಳು ಕರ್ನೆಲ್ ಜೊತೆಗೇ ಬರುತ್ತವೆ. ಕೆಲವು ವೈಫೈ ಕಾರ್ಡುಗಳಿಗೆ ಬೇಕಾದ, ಮುಕ್ತವಲ್ಲದ ಫರ್ಮ್‌ವೇರ್ ಕಡತಗಳನ್ನು ಡೆಬಿಯನ್ ಬಹುಕಾಲ ತನ್ನ ಅಧಿಕೃತ ಸೀಡಿಯಿಂದ ಹೊರಗಿಟ್ಟಿತ್ತು. ೨೦೨೨ರಲ್ಲಿ ಅದರ ಸದಸ್ಯರು ಮತ ಹಾಕಿ, ೨೦೨೩ರ ಹನ್ನೆರಡನೆಯ ಆವೃತ್ತಿಯಿಂದ ಅವನ್ನೂ ಒಳಗೆ ಸೇರಿಸಿದರು. ತತ್ತ್ವಕ್ಕೆ ಕಟ್ಟುಬಿದ್ದ ಸಮುದಾಯವೊಂದು ಯಂತ್ರ ಓಡಲೆಂದು ಸ್ವಲ್ಪ ಬಾಗಿದ ಸಂಗತಿ ಇದು. ಆದರೆ ಆ ಸ್ಕ್ಯಾನರಿಗೆ, ಆ ಪೇಜ್‌ಮೇಕರ್ ಪುಟಗಳಿಗೆ ಲಿನಕ್ಸ್ ಎಲ್ಲ ಸಲವೂ ಉತ್ತರವಾಗುವುದಿಲ್ಲ. ಹಳೆಯ ವಿಂಡೋಸ್ ಬೇಕಾಗುವುದು ಅಂಥ ಒಂದೆರಡು ಕೆಲಸಗಳಿಗೆ.

ಹಾಗೆ ಹಾಕಿದ ಯಂತ್ರಕ್ಕೆ ಜಾಲದ ತಂತಿ ಬೇಡ. ವಿಂಡೋಸ್ ೭ಕ್ಕೆ ಸಾಮಾನ್ಯ ಬಳಕೆದಾರರಿಗೆ ಸುರಕ್ಷತಾ ತಿದ್ದುಪಡಿಗಳು ೨೦೨೦ರ ಜನವರಿ ೧೪ಕ್ಕೆ ನಿಂತುಹೋಗಿವೆ. ೨೦೧೭ರ ಮೇ ತಿಂಗಳಲ್ಲಿ ವನ್ನಾಕ್ರೈ ದಾಳಿಗೆ ಸಿಕ್ಕ ಯಂತ್ರಗಳಲ್ಲಿ ಬಹುಪಾಲು ವಿಂಡೋಸ್ ೭ರವು; ತಡೆಯುವ ತಿದ್ದುಪಡಿ ಎರಡು ತಿಂಗಳ ಮೊದಲೇ ಬಂದಿತ್ತು, ಹಾಕಿಕೊಂಡಿರಲಿಲ್ಲ ಅಷ್ಟೆ. ಈಗ ಹಾಕಿಕೊಳ್ಳಲು ಹೊಸತು ಬರುವುದೂ ಇಲ್ಲ. ಸ್ಕ್ಯಾನ್ ಮಾಡಿದ ಪುಟಗಳನ್ನು ಪೆನ್‌ಡ್ರೈವಿನಲ್ಲಿ ಬೇರೆ ಯಂತ್ರಕ್ಕೆ ಒಯ್ದು ಅಲ್ಲಿಂದ ಕಳಿಸುವುದೇ ಕ್ಷೇಮ.

ಸಿದ್ಧವಾದ ಪ್ರತಿಯನ್ನು ಪೆನ್‌ಡ್ರೈವಿನಲ್ಲೊಂದು, ಡಿವಿಡಿಯಲ್ಲೊಂದು ಇಡಬೇಕು. ಯಾವ ಬೋರ್ಡಿಗೆ, ಎಷ್ಟು ಬಿಟ್ಟಿನ ವಿಂಡೋಸ್, ಯಾವ ಡ್ರೈವರ್, ಯಾವ ಕೆಬಿ ಸೇರಿವೆ ಎಂದು ಚೀಟಿ ಬರೆದು ಜೊತೆಗಿಡಬೇಕು. ಮಳೆಗಾಲದ ಥಂಡಿಗೆ ಡಿವಿಡಿಯ ಮೇಲೆ ಬೂಷ್ಟು ಹತ್ತುವುದರಿಂದ ಅದು ಗಾಳಿಯಾಡದ ಡಬ್ಬಿಯಲ್ಲಿರಲಿ, ದೀಪಾವಳಿಯ ಹೊತ್ತಿಗೆ ಒಮ್ಮೆ ತೆಗೆದು ಓಡಿಸಿ ನೋಡಿದರಾಯಿತು.